ಕೆತ್ತುವ ಮುನ್ನ ಕಲ್ಲನ್ನು ಬಾರಿಸಿ ನೋಡುವ ಬಗೆ

ನೆಲದ ಮೇಲೆ ಮಲಗಿಸಿದ ಕಲ್ಲು ಎಷ್ಟೇ ಒಳ್ಳೆಯದಿರಲಿ, ಅದರ ನಾದವನ್ನು ಮಣ್ಣು ನುಂಗಿಬಿಡುತ್ತದೆ. ಕಂಬದ ಕಲ್ಲನ್ನು ಮೊದಲು ಎರಡು ಮರದ ತುಂಡುಗಳ ಮೇಲೆ ಎತ್ತಿಡಿ. 10 ಅಡಿ ಉದ್ದವಿದ್ದರೆ, ಎರಡೂ ತುದಿಯಿಂದ ಸುಮಾರು ಎರಡೂಕಾಲು ಅಡಿ ಒಳಗೆ. ಕಲ್ಲು ಕಂಪಿಸುವಾಗ ಹೆಚ್ಚುಕಡಿಮೆ ಅಲುಗದ ಜಾಗ ಅದು. ಬೇರೆಲ್ಲಿ ಆಸರೆ ಕೊಟ್ಟರೂ ದನಿ ಬೇಗ ಸಾಯುತ್ತದೆ.

ಸಣ್ಣ ಸುತ್ತಿಗೆಯಿಂದ ನಡುವೆ ತಟ್ಟಿ, ಕೈ ತಕ್ಷಣ ಹಿಂದಕ್ಕೆ ತನ್ನಿ. ಆಮೇಲೆ ಗೇಣಿಗೊಂದು ಪೆಟ್ಟು. ಗಂಟೆಯಂತೆ ದನಿ ಎಳೆದರೆ ಶಿಲ್ಪಶಾಸ್ತ್ರದ ಲೆಕ್ಕದಲ್ಲಿ ಪುರುಷಶಿಲೆ, ಮೂರ್ತಿಗೆ. ಕಂಚಿನ ತಾಳದಂತಿದ್ದರೆ ಸ್ತ್ರೀಶಿಲೆ, ಪೀಠಕ್ಕೆ. ನಾದವೇ ಇಲ್ಲದ್ದು ನಪುಂಸಕ, ಅಡಿಪಾಯಕ್ಕೆ.

ಆಸರೆಯ ನೇರ ಮೇಲೆ ದನಿ ಕುಗ್ಗುವುದು ಸಹಜ, ಅದನ್ನು ದೋಷ ಎಂದುಕೊಳ್ಳಬೇಡಿ. ಒಡಕು ಮಡಕೆಯಂತೆ ಜರ್ ಎಂದರೆ ಮಾತ್ರ ಅನುಮಾನಿಸಿ, ನೀರು ಹೊಯ್ಯಿರಿ: ಮೈಯೆಲ್ಲ ಒಣಗಿದರೂ ಕೂದಲೆಳೆಯಷ್ಟು ಒದ್ದೆ ಗೆರೆ ಉಳಿದರೆ ಬಿರುಕು ಅಲ್ಲೇ. ನೀರಿನ ಪರೀಕ್ಷೆ ಕೊನೆಗಿರಲಿ. ನೆನೆದ ಕಲ್ಲು ಮಂಕಾಗಿ ನುಡಿಯುತ್ತದೆ.

ಹಂಪಿಯ ವಿಠ್ಠಲ ಗುಡಿಯಂತೆ ಒಂದೇ ಬಂಡೆಯಲ್ಲಿ ನುಡಿಯುವ ಕಿರುಗಂಬ ಬಿಡಿಸುವುದಾದರೆ ದಪ್ಪ ಉಳಿಸಿಕೊಂಡೇ ಇಳಿಯಿರಿ. ಸಣಕಲಾದಷ್ಟೂ ಶ್ರುತಿ ಇಳಿಯುತ್ತದೆ. ಉದ್ದ ಇಮ್ಮಡಿಯಾದರೆ ಕಂಪನ ಕಾಲುಭಾಗಕ್ಕೆ ಬೀಳುತ್ತದೆ. ಎರಡೂ ತುದಿ ಬಂಡೆಗೇ ಅಂಟಿರುವುದರಿಂದ ಹೆಚ್ಚು ಕೆತ್ತಿದ ಮೇಲೆ ಶ್ರುತಿ ಏರಿಸಲು ದಾರಿಯಿಲ್ಲ. ಹಂಪಿಯ ಕಂಬಗಳನ್ನು ಮಾತ್ರ ತಟ್ಟಿ ನೋಡಬೇಡಿ, ಅಲ್ಲಿ ನಿಷೇಧವಿದೆ.