ಕಾಲ ಕೆಟ್ಟ ಕಥಾಲೋಕವನ್ನು ಕಟ್ಟುವ ಬಗೆ

ಕಥೆಯ ಲೋಕದಲ್ಲಿ ಕಾಲ ಕೆಡಬೇಕೆಂದಿದ್ದರೆ, ಅಂದರೆ ಒಂದೆಡೆ ನಿಧಾನ ಇನ್ನೊಂದೆಡೆ ಬೇಗ ಓಡಬೇಕೆಂದೋ ಹಿಂದುಮುಂದಾಗಬೇಕೆಂದೋ ಇದ್ದರೆ, ಕೆಡದೆ ಉಳಿಯುವುದು ಯಾವುದು ಎಂಬುದನ್ನು ಮೊದಲು ಗೊತ್ತುಮಾಡಿಕೊಳ್ಳಿ. ಪಾತ್ರದ ಸ್ವಂತ ಕಾಲವನ್ನು ಮುಟ್ಟದಿರುವುದು ಒಳ್ಳೆಯದು. ಊರಿನ ಗಡಿಯಾರ ಹಿಂದುಮುಂದಾಗಲಿ. ಪಾತ್ರದ ಹಸಿವು, ಉಗುರು, ನೆನಪು ಒಂದೇ ದಿಕ್ಕಿಗೆ ಬೆಳೆಯಲಿ. ಓದುಗರು ಹಿಡಿದು ನಡೆಯುವ ಹಗ್ಗ ಅದೊಂದೇ.

ಬರೆಯಲು ಕೂರುವ ಮುನ್ನ ನೋಟ್‌ಬುಕ್ಕಿನಲ್ಲಿ ಪ್ರತಿ ಪಾತ್ರಕ್ಕೂ ಮೂರು ಕಾಲಂ ಎಳೆಯಿರಿ: ಊರಿನ ದಿನಾಂಕ, ಪಾತ್ರದ ಮೈಗೆ ಆದ ದಿನಗಳು, ಆ ಹೊತ್ತಿಗೆ ಪಾತ್ರಕ್ಕೆ ತಿಳಿದಿರುವುದು. ದೃಶ್ಯಕ್ಕೊಂದು ಸಾಲು. ಹೆಚ್ಚಿನವರು ಮೂರನೆಯ ಕಾಲಂ ಬಿಟ್ಟುಬಿಡುತ್ತಾರೆ. ಇನ್ನೂ ಕಿವಿಗೆ ಬೀಳದ ಸುದ್ದಿಗೆ ಪಾತ್ರ ಅಳುವ ತಪ್ಪು ಅಲ್ಲಿಂದಲೇ ಬರುತ್ತದೆ.

ಆಮೇಲೆ ಅನುಪಾತ: ಒಳಗಿನ ಕಾಲಕ್ಕೆ ಹೊರಗಿನ ಕಾಲ ಎಷ್ಟು ಎಂಬುದು. ಮಗಳು ರೇವತಿಗೆ ತಕ್ಕ ಗಂಡು ಯಾರೆಂದು ಕೇಳಲು ಬ್ರಹ್ಮಲೋಕಕ್ಕೆ ಹೋದ ರಾಜ ಕಕುದ್ಮಿ ಅಲ್ಲಿ ನಡೆಯುತ್ತಿದ್ದ ಗಾಯನ ಮುಗಿಯುವವರೆಗೆ ಕಾದ. ಭಾಗವತದ ಲೆಕ್ಕದಲ್ಲಿ ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗ ಕಳೆದಿದ್ದವು. ಅಂಥ ಅನುಪಾತದಲ್ಲಿ ಮರಳಿ ಬಂದವರಿಗೆ ಗುರುತಿನವರು ಯಾರೂ ಸಿಗುವುದಿಲ್ಲ. ಅಣ್ಣತಮ್ಮಂದಿರ, ಗಂಡಹೆಂಡಿರ ಕಥೆಗೆ 1ಕ್ಕೆ 7 ಸಾಕು: ಒಳಗೆ ಒಂದು ವಾರ, ಹೊರಗೆ 49 ದಿನ. ಬೆಳಕಿನ ವೇಗದ ಶೇ. 99ರಲ್ಲಿ ಸಾಗುವ ನೌಕೆಗೂ ಸುಮಾರು ಇದೇ ಅನುಪಾತ ಬರುತ್ತದೆ.

ಕಾಲ ಏಳು ಪಟ್ಟು ನಿಧಾನವಾಗಿರುವ ಕಣಿವೆಯೊಂದನ್ನು ಇಟ್ಟುಕೊಂಡಿದ್ದೀರಿ ಎನ್ನಿ. ಹೊರಗಿನವರು 200 ಹರ್ಟ್ಸ್ (ಸೆಕೆಂಡಿಗೆ 200 ಕಂಪನ) ದನಿಯಲ್ಲಿ ಕೂಗಿದರೆ ಒಳಗಿನವರಿಗೆ ಕೇಳುವುದು 1400 ಹರ್ಟ್ಸ್‌ನ ಕೀರಲು. ಒಳಗಿನವರ ಅದೇ ದನಿ ಹೊರಗೆ ಸುಮಾರು 29 ಹರ್ಟ್ಸ್‌ಗೆ ಇಳಿದು ಬರೀ ಗುಡುಗಿನಂತಾಗುತ್ತದೆ. ಗಡಿಯಾಚೆ ಈಚೆ ನಿಂತು ಮಾತಾಡಿಸುವ ದೃಶ್ಯ ಬರೆಯುವಂತಿಲ್ಲ. ಚೀಟಿ ಬರೆದು ಎಸೆಯಲಿ. ಬಿಸಿಲು ಇನ್ನೂ ದೊಡ್ಡ ತೊಡಕು. ಒಳಗಿನ ಒಂದು ಸೆಕೆಂಡಿಗೆ ಏಳು ಪಟ್ಟು ಬೆಳಕಿನ ಕಣಗಳು ಬೀಳುತ್ತವೆ, ಪ್ರತಿ ಕಣದ ಶಕ್ತಿಯೂ ಏಳು ಪಟ್ಟಾಗುತ್ತದೆ. ಒಟ್ಟು 49 ಪಟ್ಟು, ಅದರಲ್ಲಿ ಬಹುಪಾಲು ನೇರಳಾತೀತ. ಕಣಿವೆ ಸುಟ್ಟುಹೋಗುತ್ತದೆ. ಅದಕ್ಕೇ ಇಂಥ ಜಾಗಗಳನ್ನು ಗುಹೆಯೊಳಗೋ ನೆಲಮಾಳಿಗೆಯಲ್ಲೋ ಇಡಬೇಕು. ಇಲ್ಲವೇ ಅನುಪಾತವನ್ನು 1.1ಕ್ಕೆ ಇಳಿಸಬೇಕು, ಆಗ ಬಿಸಿಲು ಹೆಚ್ಚುವುದು ಶೇ. 21 ಮಾತ್ರ.

ಗಡಿಯನ್ನು ಗೆರೆ ಎಳೆದಂತೆ ಇಡಬೇಡಿ. ಒಂದು ಕಾಲು ಒಳಗಿಟ್ಟವರ ಹೃದಯ ಹೊರಗಿನ ವೇಗದಲ್ಲಿ ರಕ್ತ ತಳ್ಳುತ್ತಿರುತ್ತದೆ, ಕಾಲಿನ ನಾಳ ಅಷ್ಟು ಬೇಗ ಅದನ್ನು ಮರಳಿಸಲಾರದು. ಅದೇ ವ್ಯತ್ಯಾಸವನ್ನು ಒಂದು ಕಿಲೋಮೀಟರ್ ಉದ್ದಕ್ಕೆ ಸಮನಾಗಿ ಹರಡಿದರೆ, ಅರ್ಧ ಮೀಟರ್ ಅಗಲದ ಮೈಯ ಎರಡು ಬದಿಗಳ ನಡುವೆ ಉಳಿಯುವುದು ಶೇ. 0.1ರಷ್ಟು.

ಕಾರ್ಯಕಾರಣ ಮುರಿಯುವುದು ಇದಕ್ಕಿಂತ ಕಷ್ಟ. ಕಾರಣಕ್ಕಿಂತ ಮೊದಲೇ ಕಾರ್ಯ ಬಂದರೆ, ಆ ಕಾರಣವನ್ನು ಯಾರಾದರೂ ತಡೆದರೆ ಏನಾಗುತ್ತದೆ? ಮೂರು ಉತ್ತರಗಳಿವೆ, ಒಂದು ಕಥೆಗೆ ಒಂದೇ. ಮೊದಲನೆಯದು, ತಡೆಯಲಾಗದು, ಭೌತವಿಜ್ಞಾನಿ ಇಗೊರ್ ನೊವಿಕೊವ್ ಹೆಸರಿನ ಸ್ವಸಂಗತಿ ತತ್ವ ಇದೇ. ಇಲ್ಲಿ ಸೋಲು ಪಾತ್ರದ ಸ್ವಭಾವದಿಂದ ಬರಬೇಕು. ಮೂರು ಸಲವೂ ಬಂದೂಕು ಕೈಕೊಟ್ಟರೆ ಯಾರೂ ನಂಬುವುದಿಲ್ಲ. ಎರಡನೆಯದು, ಲೋಕ ಕವಲೊಡೆಯುತ್ತದೆ. ಆಗ ಮರಳುವ ದಾರಿ ಮುಚ್ಚಿಬಿಡಿ, ಇಲ್ಲದಿದ್ದರೆ ಯಾರ ಸಾವಿಗೂ ತೂಕವಿರದು. ಮೂರನೆಯದು, ಹಳೆಯದು ಅಳಿಸಿಹೋಗುತ್ತದೆ. ಅಳಿದದ್ದು ಯಾರ ನೆನಪಿನಲ್ಲಿ ಉಳಿಯುತ್ತದೆಂದು ಮೊದಲ ಅಧ್ಯಾಯದಲ್ಲೇ ತೋರಿಸಿ. ಮೂರರಲ್ಲಿ ಮೊದಲನೆಯದೇ ಹೆಚ್ಚು ಬಿಗಿಯಾದ ಕಥೆ ಕೊಡುತ್ತದೆ.

ವಸ್ತುಗಳನ್ನು ಕಾಲದ ಸುತ್ತಿನೊಳಗೆ ಸಿಕ್ಕಿಸಬೇಡಿ. ಮುದುಕಿಯಾದ ತಾನೇ ಬಂದು ಹುಡುಗಿಯಾದ ತನಗೆ ಕೊಟ್ಟ ಬೀಗದಕೈ ಪ್ರತಿ ಸುತ್ತಿಗೂ ಸವೆಯಬೇಕು, ಆದರೆ ಅದು ಕೊಟ್ಟಾಗ ಇದ್ದಂತೆಯೇ ಇರಬೇಕು. ಎರಡೂ ಒಟ್ಟಿಗೆ ಆಗದು. ಬೀಗದಕೈ ಬದಲು ಬೀಗದ ಸಂಖ್ಯೆ ಹೇಳಿ ಹೋಗಲಿ: ಮಾತು ಸವೆಯುವುದಿಲ್ಲ.

ವಾಕ್ಯದ ಮೇಲೂ ಕಣ್ಣಿರಲಿ. ‘ಮಡಕೆ ಬಿದ್ದು ಒಡೆಯಿತು’ ಎಂದರೆ ‘ಬಿದ್ದು’ ಎಂಬ ಒಂದು ಮಾತಿನಲ್ಲೇ ಅನುಕ್ರಮವೂ ಕಾರಣವೂ ಬಂದುಬಿಡುತ್ತವೆ. ಕಾಲ ಕೆಟ್ಟ ದೃಶ್ಯದಲ್ಲಿ ಅಂಥ ಕ್ರಿಯೆಗಳ ಸರಪಳಿ ಕತ್ತರಿಸಿ: ‘ಮಡಕೆ ಒಡೆದಿದೆ. ಅಟ್ಟದಿಂದ ಅದಿನ್ನೂ ಬಿದ್ದಿಲ್ಲ.’ ಮಾಮೂಲಿ ದೃಶ್ಯಗಳಲ್ಲಿ ಸರಪಳಿ ಹಾಗೇ ಇರಲಿ, ಆಗಲೇ ವ್ಯತ್ಯಾಸ ಎದ್ದು ಕಾಣುತ್ತದೆ.

ಕರಡು ಮುಗಿದ ಮೇಲೆ ಪುಟದ ಕ್ರಮ ಬಿಟ್ಟು, ಎರಡನೆಯ ಕಾಲಂ ಹಿಡಿದು ಒಂದೊಂದೇ ಪಾತ್ರದ ದೃಶ್ಯಗಳನ್ನು ಓದಿಕೊಂಡು ಹೋಗಿ. ಗಾಯ ಮಾಯುವ ಮುನ್ನ ಕಲೆಯಾಗಿದೆಯೇ, ಕತ್ತರಿಸಿದ ಕೂದಲು ಮರುದಿನವೇ ಉದ್ದವಿದೆಯೇ ಎಂದು ನೋಡಿ. ತಪ್ಪು ಸಿಕ್ಕಿದರೆ ದೃಶ್ಯ ತಿದ್ದಿ, ನಿಯಮವನ್ನಲ್ಲ.