ಹಿತ್ತಲಿನ ಶೆಡ್‌ಗೆ ಯಾರ ರೂಲ್ಸ್? ನನ್ನ ಅನುಭವ

ಅಮೆರಿಕದ ವರ್ಜೀನಿಯಾ ರಾಜ್ಯದ ನಮ್ಮ ಮನೆಯ ಹಿತ್ತಲಲ್ಲಿ ಸಾಮಾನು ಇಡಲು ಒಂದು ಶೆಡ್ ಬೇಕಿತ್ತು. ಪರ್ಮಿಟ್ ಬಗ್ಗೆ ಒಬ್ಬೊಬ್ಬರು ಒಂದೊಂದು ಹೇಳಿದರು. ಗೊಂದಲ ಇದ್ದದ್ದು ವಿಳಾಸದಲ್ಲಿ. ಅಂಚೆ ವಿಳಾಸ ಅಲೆಕ್ಸಾಂಡ್ರಿಯಾ, ಮನೆ ಇರುವುದು ಫೇರ್‌ಫ್ಯಾಕ್ಸ್ ಕೌಂಟಿಯಲ್ಲಿ (ಕೌಂಟಿ ಅಂದರೆ ನಮ್ಮ ಜಿಲ್ಲೆಯ ಹಾಗೆ). ಈ ರಾಜ್ಯದಲ್ಲಿ ಸಿಟಿಗಳು ಯಾವ ಕೌಂಟಿಗೂ ಸೇರುವುದಿಲ್ಲ. ಹಾಗಾಗಿ ಅಲೆಕ್ಸಾಂಡ್ರಿಯಾ ಸಿಟಿಯ ನಿಯಮ ನಮಗೆ ಅನ್ವಯಿಸುವುದೇ ಇಲ್ಲ. ಮನೆ ತೆರಿಗೆ ಬಿಲ್ ಯಾರು ಕಳಿಸುತ್ತಾರೆ ನೋಡಿದರೆ ಸಾಕು, ಗೊತ್ತಾಗುತ್ತದೆ.

ಆಮೇಲೆ ಯಾವ ಜಾಗದಲ್ಲಿ ಏನು ಕಟ್ಟಬಹುದು ಎಂದು ತೋರಿಸುವ ಕೌಂಟಿಯ ಮ್ಯಾಪ್‌ನಲ್ಲಿ ನಮ್ಮ ಜೋನ್ (ವಲಯ) ಹುಡುಕಿದೆ: ಆರ್-3, ಅಂದರೆ ಎಕರೆಗೆ 3 ಮನೆ. 256 ಚದರ ಅಡಿವರೆಗಿನ ಒಂದಂತಸ್ತಿನ ಶೆಡ್‌ಗೆ ವರ್ಜೀನಿಯಾದಲ್ಲಿ ಬಿಲ್ಡಿಂಗ್ ಪರ್ಮಿಟ್ ಬೇಡ. ಇಷ್ಟು ಓದಿ ಸುಮ್ನೆ ಕಟ್ಟಿಬಿಡುವವರೇ ಜಾಸ್ತಿ. ಆದರೆ ಪರ್ಮಿಟ್ ಬೇಡ ಅಂದಮಾತ್ರಕ್ಕೆ ಜೋನಿಂಗ್ ನಿಯಮ ಬಿಡುತ್ತದೆಯೇ? ಎತ್ತರ ಎಷ್ಟಿರಬೇಕು, ಗಡಿಯಿಂದ ಎಷ್ಟು ಜಾಗ ಬಿಡಬೇಕು ಎನ್ನುವುದು ಬೇರೆ ಲೆಕ್ಕ. ಬೇಲಿಯನ್ನು ನಂಬದೆ, ಮನೆ ಕೊಂಡಾಗ ಕೊಟ್ಟ ಸರ್ವೆ ನಕ್ಷೆ ಹಿಡಿದು ಅಳೆದೆ. ಅದರಲ್ಲೇ ಚರಂಡಿ ಪೈಪ್‌ಗೆ ಮೀಸಲಿಟ್ಟ ಜಾಗವೂ ಕಂಡಿತು. ಅದನ್ನು ಬಿಟ್ಟು ಶೆಡ್‌ನ ಜಾಗವನ್ನು ಈ ಕಡೆಗೆ ಸರಿಸಿದೆ.

ಎಚ್‌ಒಎ (ಬಡಾವಣೆಯ ಮನೆ ಮಾಲೀಕರ ಸಂಘ) ಒಪ್ಪಿಗೆ ಪ್ರತ್ಯೇಕ. ಅದು ಖಾಸಗಿ ಒಪ್ಪಂದ, ಕೌಂಟಿ ಅದರಲ್ಲಿ ತಲೆ ಹಾಕುವುದಿಲ್ಲ. ಅವರು ಕೇಳಿದ್ದು ಬಣ್ಣದ ಬಗ್ಗೆ ಮಾತ್ರ.