ಹವಳದ ದಿಬ್ಬ ಹಾಳಾಗಿದ್ದು ಯಾವುದರಿಂದ? ನೋಡಿ ಪತ್ತೆ ಹಚ್ಚುವುದು ಹೀಗೆ

ನೀರಿಗಿಳಿದಾಗ ಹಾಳಾದ ಹವಳ ಕಂಡರೆ ಮೀನುಗಾರರನ್ನು ಬೈಯುವುದು ಸುಲಭ. ಒಂದು ನಿಮಿಷ ತಡೀರಿ. ಮೊದಲು ಹವಳ ನಿಂತಿದೆಯಾ, ಮುರಿದು ಬಿದ್ದಿದೆಯಾ ನೋಡಿ.

ಕೊಂಬೆಗಳೆಲ್ಲ ನೆಟ್ಟಗಿದ್ದು ದಿಬ್ಬದುದ್ದಕ್ಕೂ ಬೆಳ್ಳಗಾಗಿದ್ದರೆ ಹೆಚ್ಚಾಗಿ ಅದು ಬಿಸಿ ನೀರಿನ ಏಟು. ಆ ಹವಳ ಇನ್ನೂ ಸತ್ತಿರಲಿಕ್ಕಿಲ್ಲ, ನೀರು ತಣ್ಣಗಾದರೆ ಚೇತರಿಸಿಕೊಳ್ಳಬಹುದು. ಮೀನು ಅಡಗುವ ಸಂದಿಗಳ ಸುತ್ತ ಮಾತ್ರ ಬಿಳುಚಿದ್ದರೆ ಸಯನೈಡ್ ಅನುಮಾನ ಪಡಿ. ಅದನ್ನು ಬಾಟಲಿಯಿಂದ ಸಂದಿಗೆ ಚಿಮ್ಮಿಸಿ, ಮಂಕಾದ ಮೀನನ್ನು ಜೀವಂತ ಹಿಡಿದು ಅಕ್ವೇರಿಯಂಗೆ ಮಾರುತ್ತಾರೆ. ಆದರೆ ಮುಳ್ಳಿನ ನಕ್ಷತ್ರಮೀನು ಹವಳ ತಿಂದಾಗಲೂ ಬಿಳಿ ಮಚ್ಚೆ ಉಳಿಯುತ್ತದೆ, ಹಾಗಾಗಿ ಬರೀ ಕಣ್ಣಲ್ಲಿ ನೋಡಿ ತೀರ್ಪು ಕೊಡಬೇಡಿ.

ಮುರಿದಿದ್ದರೆ ಆಕಾರ ನೋಡಿ. ಬಿರುಗಾಳಿ ಅಲೆ ಬಡಿಯುವ ಕಡೆಯನ್ನೆಲ್ಲ ಕೆಡವುತ್ತದೆ, ಲಂಗರು ಗೀರು ಎಳೆಯುತ್ತದೆ. ಮೀನು ಹಿಡಿಯಲು ನೀರಿಗೆ ಎಸೆಯುವ ಬಾಂಬು ಹಾಗಲ್ಲ: ಒಂದೆರಡು ಮೀಟರ್ ಅಗಲದ ದುಂಡನೆ ಗುಂಡಿ, ಒಳಗೆಲ್ಲ ಚೂರು, ಅಂಚು ದಾಟಿದರೆ ಹವಳ ಏನೂ ಆಗದ ಹಾಗೆ ನಿಂತಿರುತ್ತದೆ. ಮೀನಿನಲ್ಲೂ ಗುರುತು ಸಿಗುತ್ತದೆ. ಹೊರಗೆ ಗಾಯ ಕಾಣದಿದ್ದರೂ ಕೊಯ್ದರೆ ಹೊಟ್ಟೆಯೊಳಗೆ ರಕ್ತ, ಒಡೆದ ಗಾಳಿಚೀಲ (ಮೀನು ತೇಲಲು ನೆರವಾಗುವ ಚೀಲ), ಕೆಲವೊಮ್ಮೆ ಮುರಿದ ಬೆನ್ನೆಲುಬು. ಗಾಳಿಚೀಲ ಒಡೆದ ಮೀನು ತಳಕ್ಕೆ ಮುಳುಗುವುದೇ ಜಾಸ್ತಿ, ಅಂದರೆ ಬಾಂಬು ಹಾಕಿದವನ ಕೈಗೂ ಎಲ್ಲ ಸಿಗುವುದಿಲ್ಲ!

ಈಗ ಆ ಚೂರುಗಳು ಅಲೆಗೆ ಹೊರಳಾಡುತ್ತವೆಯಾ ನೋಡಿ. ಮುಖ್ಯ ವಿಷಯ ಇದೇ. ಹೊರಳಾಡುವ ಚೂರಿನ ಮೇಲೆ ಮರಿ ಹವಳ ಕೂತರೂ ಉಜ್ಜಿ ಸಾಯುತ್ತದೆ, ಅದಕ್ಕೇ ಬಾಂಬು ನಿಂತು ದಶಕಗಳಾದರೂ ಜಾಗ ಬರಡಾಗಿಯೇ ಇರಬಹುದು. ಇಂಡೋನೇಷ್ಯಾದ ಸುಲಾವೆಸಿ ಬಳಿ ಇಂಥ ಚೂರುಗಳ ಮೇಲೆ ಆರು ಮೂಲೆಯ ಕಬ್ಬಿಣದ ಚೌಕಟ್ಟು ಹೂಡಿ, ಹವಳದ ತುಂಡು ಕಟ್ಟಿದರು. ನಾಲ್ಕು ವರ್ಷದಲ್ಲಿ ಅಲ್ಲಿನ ಬೆಳವಣಿಗೆ ಆರೋಗ್ಯವಾಗಿದ್ದ ದಿಬ್ಬಕ್ಕೆ ಸಮನಾಯಿತು.

ಫೋಟೋ ತೆಗೆಯುವಾಗ ಪಕ್ಕದಲ್ಲಿ ಅಳತೆ ಪಟ್ಟಿ ಇರಲಿ. ಆಳ, ತಾರೀಖು, ಜಿಪಿಎಸ್ ಬರೆದುಕೊಳ್ಳಿ. ಸ್ಫೋಟದ ಸದ್ದು ನೀರಿನೊಳಗೆ ತುಂಬಾ ದೂರ ಕೇಳುತ್ತದೆ. ಕೇಳಿಸಿದರೆ ಗಾಬರಿಯಾಗಿ ಒಮ್ಮೆಲೇ ಮೇಲೇರದೆ, ನಿಧಾನವಾಗಿ ಮೇಲೆ ಬನ್ನಿ. ಯಾರನ್ನೂ ನೀವೇ ಹಿಡಿಯಲು ಹೋಗಬೇಡಿ.

ತೆಗೆದ ಫೋಟೋ, ಬರೆದುಕೊಂಡ ವಿವರ ಅಧಿಕಾರಿಗಳಿಗೆ ಕೊಡಿ, ಜೊತೆಗೆ ಅಲ್ಲಿನ ಗಾಳದ ಮೀನುಗಾರರಿಗೂ ತೋರಿಸಿ. ನಷ್ಟ ಮೊದಲು ಅವರದ್ದೇ, ಅಲ್ವಾ? ಹತ್ತಿರ ಮೀನು ಸಿಗದೆ ದೂರ ಹೋಗಬೇಕು, ಅಲೆ ತಡೆಯುವ ದಿಬ್ಬ ಕುಸಿದರೆ ದಡದ ಮನೆಗೂ ನೀರು. ಫಿಲಿಪ್ಪೀನ್ಸ್‌ನ ಅಪೋ ದ್ವೀಪದಲ್ಲಿ 1982ರಲ್ಲಿ ದಿಬ್ಬದ ಒಂದು ಭಾಗದಲ್ಲಿ ಮೀನು ಹಿಡಿಯುವುದನ್ನು ನಿಲ್ಲಿಸಿದಾಗ ಕಾವಲು ಕಾದವರು ಮೀನುಗಾರರೇ.